ತಣ್ಣೀರ ಕಡಲಿಗೆ ಇಳಿಯುವ ಮುನ್ನ

ಮಲ್ಪೆಯಲ್ಲೋ ಮುರುಡೇಶ್ವರದಲ್ಲೋ ಈಜಿ ಬೆಳೆದು ಐರ್ಲೆಂಡಿಗೆ ಬಂದವರು ಮೊದಲು ಅರಿಯಬೇಕಾದದ್ದು ನೀರಿನ ವ್ಯತ್ಯಾಸವನ್ನು. ನಮ್ಮ ಕರಾವಳಿಯ ಕಡಲು 28 ಡಿಗ್ರಿಯ ಆಸುಪಾಸಿನಲ್ಲಿದ್ದರೆ, ಡಬ್ಲಿನ್ ತೀರದ ಸಮುದ್ರ ಚಳಿಗಾಲದ ಕೊನೆಗೆ ಸುಮಾರು 8 ಡಿಗ್ರಿಗೆ ಇಳಿಯುತ್ತದೆ. ಆಗಸ್ಟ್‌ನಲ್ಲೂ 15ರ ಆಚೀಚೆಯಷ್ಟೇ. ಮೇ ತಿಂಗಳ ಬಿಸಿಲನ್ನು ನಂಬಿ ಇಳಿಯಬೇಡಿ, ನೆಲ ಕಾದಷ್ಟು ಬೇಗ ಕಡಲು ಕಾಯುವುದಿಲ್ಲ.

ಇಂಥ ನೀರಿಗೆ ಮೈ ಒಮ್ಮೆಲೇ ಬಿದ್ದಾಗ ಏದುಸಿರು ತಾನಾಗಿಯೇ ಬರುತ್ತದೆ, ಎದೆಬಡಿತವೂ ರಕ್ತದೊತ್ತಡವೂ ಏರುತ್ತವೆ. ಇದನ್ನು ಕೋಲ್ಡ್ ವಾಟರ್ ಶಾಕ್ ಎನ್ನುತ್ತಾರೆ. ತಲೆ ಮುಳುಗಿರುವಾಗ ಆ ಮೊದಲ ಉಸಿರು ಒಳಗೆಳೆದರೆ ಶ್ವಾಸಕೋಶಕ್ಕೆ ಹೋಗುವುದು ನೀರೇ. ಈಜಿನ ಪರಿಣತಿ ಅಲ್ಲಿ ನೆರವಿಗೆ ಬರುವುದಿಲ್ಲ. ಆದ್ದರಿಂದ ಧುಮುಕಬೇಡಿ. ಡಬ್ಲಿನ್ ಬಳಿಯ ಸ್ಯಾಂಡಿಕೋವ್‌ನಲ್ಲಿರುವ ಫಾರ್ಟಿ ಫುಟ್ ಎಂಬ ಈಜುತಾಣದಂಥ ಕಡೆ ಕಂಬಿ ಹಿಡಿದು ಮೆಟ್ಟಿಲಿಳಿಯಿರಿ, ಮೊಣಕಾಲಿನಷ್ಟು ನೀರಿನಲ್ಲಿ ನಿಂತು ಮುಖಕ್ಕೂ ಕುತ್ತಿಗೆಗೂ ನೀರು ಎರಚಿಕೊಳ್ಳಿ, ನಿಧಾನವಾಗಿ ಉಸಿರು ಬಿಡುತ್ತಾ ಅದು ಹದಕ್ಕೆ ಬಂದ ಮೇಲಷ್ಟೇ ಮುಂದೆ ಹೋಗಿ. ಹೃದ್ರೋಗವೋ ರಕ್ತದೊತ್ತಡವೋ ಇರುವವರು ಮೊದಲೇ ವೈದ್ಯರನ್ನು ಕೇಳಬೇಕು.

ಕಾಲು ಜಾರಿ ಬಿದ್ದರೆ ಕೈಕಾಲು ಬಡಿದು ಈಜಲು ಹೊರಡದೆ, ತಲೆಯನ್ನು ಹಿಂದಕ್ಕೆ ವಾಲಿಸಿ, ಕಿವಿ ಮುಳುಗಿದರೂ ಸರಿಯೆಂದು ಅಂಗಾತ ತೇಲಿ. ಕಡಲ ರಕ್ಷಣಾ ಸಂಸ್ಥೆಯಾದ ಆರ್‌ಎನ್‌ಎಲ್‌ಐ ಕಲಿಸುವುದೂ ಇದನ್ನೇ. ಆ ಏದುಸಿರು ಒಂದೆರಡು ನಿಮಿಷಗಳಲ್ಲಿ ತಗ್ಗುತ್ತದೆ; ಆಮೇಲೆ ಕೂಗಬಹುದು, ಈಜಬಹುದು. ದಡದಲ್ಲಿರುವವರು ನೀರಿಗೆ ಹಾರದೆ 112ಕ್ಕೆ ಕರೆ ಮಾಡಿ ಕೋಸ್ಟ್ ಗಾರ್ಡ್ ಕೇಳಬೇಕು, ತೇಲುವ ವಸ್ತುವನ್ನು ಎಸೆಯಬೇಕು.

ಒಬ್ಬರೇ ಹೋಗಬೇಡಿ. ದೂರಕ್ಕೂ ಎದ್ದುಕಾಣುವ ಬಣ್ಣದ ಟೊಪ್ಪಿ ಧರಿಸಿ, ದಡಕ್ಕೆ ಸಮಾನಾಂತರವಾಗಿ ಈಜಿ. ಕಿರುಬೆರಳು ಪಕ್ಕದ ಬೆರಳಿಗೆ ಸೇರದೆ ದೂರ ನಿಂತರೆ ಸ್ನಾಯುಗಳು ಸೋಲುತ್ತಿವೆ ಎಂದೇ ತಿಳಿದು ಕೂಡಲೇ ಹಿಂದಿರುಗಿ. ಹಿತವೆನಿಸುತ್ತಿರುವಾಗಲೇ ಹೊರಬರುವುದು ಕಷ್ಟ, ಆದರೆ ಹೊರಬರಬೇಕಾದದ್ದು ಆಗಲೇ.

ದಡ ಸೇರಿದ ಮೇಲೂ ಹತ್ತಿಪ್ಪತ್ತು ನಿಮಿಷ ದೇಹದ ಒಳಗಿನ ಶಾಖ ಇಳಿಯುತ್ತಲೇ ಇರುತ್ತದೆ. ಮೊದಲ ಏಪ್ರಿಲ್‌ನಲ್ಲಿ ನಾನು ಅಂಗಿಯ ಒಂದು ಗುಂಡಿಯನ್ನೂ ಹಾಕಿಕೊಳ್ಳಲಾರದೆ ನಡುಗುತ್ತಾ ನಿಂತಿದ್ದೆ. ಅಂದಿನಿಂದ ಗುಂಡಿಯಿಲ್ಲದ ಉಣ್ಣೆಯ ಬಟ್ಟೆಗಳನ್ನು ಹಾಕಿಕೊಳ್ಳುವ ಕ್ರಮದಲ್ಲೇ ಒಂದರ ಮೇಲೊಂದು ಜೋಡಿಸಿಟ್ಟು ನೀರಿಗಿಳಿಯುತ್ತೇನೆ. ಒದ್ದೆ ಉಡುಪು ಕಳಚಿ, ಮೈ ಒರೆಸಿ, ಮೊದಲು ಎದೆ ಬೆನ್ನು ಮುಚ್ಚಿಕೊಳ್ಳಿ, ಆಮೇಲೆ ಫ್ಲಾಸ್ಕಿನ ಚಹಾ ಕುಡಿಯಿರಿ. ಕೂಡಲೇ ಬಿಸಿನೀರ ಸ್ನಾನ ಮಾಡಿದರೆ ತಲೆಸುತ್ತು ಬಂದು ಬೀಳುವ ಅಪಾಯವಿದೆ. ನಡುಕ ಪೂರ್ತಿ ನಿಲ್ಲುವವರೆಗೆ ಕಾರು ಓಡಿಸಬೇಡಿ.