ಮೂಗು ಕೆರ್ಕೊಂಡ್ರೆ ಸುಳ್ಳು ಅಂತ ನಂಬ್ಕೊಂಡಿದ್ರೆ ನನ್ನ ಕೆಲಸ ನಡೀತಿರ್ಲಿಲ್ಲ

ತುಮಕೂರು, ಶಿರಾ ಕಡೆ ಮೋಟಾರ್ ಇನ್ಶೂರೆನ್ಸ್ ಕ್ಲೇಮ್ ಇನ್ವೆಸ್ಟಿಗೇಷನ್ ಮಾಡ್ತೀನಿ. ಕೆಲಸ ಹೇಳಿದ ತಕ್ಷಣ ಜನ ಕೇಳೋದು ಒಂದೇ, ಕಣ್ಣು ಬಲಗಡೆ ಮೇಲಕ್ಕೆ ಹೋದ್ರೆ ಸುಳ್ಳಂತೆ ಹೌದಾ ಸರ್? ಇಲ್ಲ ರೀ. 2012ರಲ್ಲೇ ಮನಶ್ಶಾಸ್ತ್ರಜ್ಞ ರಿಚರ್ಡ್ ವೈಸ್‌ಮನ್ ಮತ್ತವರ ಜೊತೆಯವರು ಅದನ್ನ ಟೆಸ್ಟ್ ಮಾಡಿ ಹಂಗೇನೂ ಇಲ್ಲ ಅಂದಿದಾರೆ. 2006ರಲ್ಲಿ ಬಾಂಡ್ ಮತ್ತು ಡಿಪೌಲೊ ಅನ್ನೋರು ಹಳೇ ಸಂಶೋಧನೆಗಳನ್ನೆಲ್ಲ ಗುಡ್ಡೆ ಹಾಕಿ ನೋಡಿದ್ರೆ, ಮಾತು ಕೇಳಿ ನಿಜ-ಸುಳ್ಳು ಸರಿಯಾಗಿ ಹೇಳಿದ್ದು ಸುಮಾರು ಶೇ. 54ರಷ್ಟು ಸಲ, ಟಾಸ್ ಹಾಕಿದ್ರೂ ಹೆಚ್ಚುಕಮ್ಮಿ ಅಷ್ಟೇ ಬರುತ್ತೆ. ಅದೂ ಅಲ್ದೆ ಆಕ್ಸಿಡೆಂಟ್ ಆದೋರ ಕೈ ನಡುಗದೆ ಇನ್ನೇನಾಗುತ್ತೆ?

ನಾನು ಮೊದಲು ಕ್ಲೇಮ್ ಮಾತೇ ಎತ್ತಲ್ಲ. ಟೀ ಕುಡೀತಾ ಮಳೆ, ಬೆಳೆ, ಗಾಡಿ ಲೋನು, ಮಕ್ಕಳ ಸ್ಕೂಲು, ಈ ಮನುಷ್ಯ ಮಾಮೂಲಾಗಿ ಹೆಂಗೆ ಮಾತಾಡ್ತಾನೆ ಅಂತ ಗೊತ್ತಾಗ್ಬೇಕಲ್ಲ. ಕೈ ಬೀಸ್ಕೊಂಡು ಮಾತಾಡ್ತಿದ್ದೋನು ಗುದ್ದಿದ ವಿಷಯ ಬಂದಾಗ ಕೈ ಕಟ್ಕೊಂಡ್ರೆ ಸುಳ್ಳ ಅಂತಲ್ಲ, ಅಲ್ಲಿ ಇನ್ನೆರಡು ಪ್ರಶ್ನೆ ಕೇಳ್ಬೇಕು ಅಂತ ಅಷ್ಟೇ.

ನಮ್ಮಲ್ಲಿ ಜಾಸ್ತಿ ಬರೋದು ಡ್ರೈವರ್ ಬದಲಾಯಿಸೋ ಕೇಸು, ಅಂದ್ರೆ ಗಾಡಿ ಓಡಿಸಿದ್ದು ಒಬ್ರು, ಕ್ಲೇಮಲ್ಲಿ ಹೇಳೋದು ಇನ್ನೊಬ್ರ ಹೆಸರು. ಒಂದ್ಸಲ ಅಣ್ಣ ತಮ್ಮ ಇಬ್ರೂ ಕೂತಿದ್ರು, ತಮ್ಮಂಗೆ ಡಿಎಲ್ ಇಲ್ಲ, ಗಾಡಿ ನಾನೇ ಓಡಿಸ್ತಿದ್ದೆ ಅಂತ ಅಣ್ಣ. ನಾಯಿ ಅಡ್ಡ ಬಂತು, ತಿರುಗಿಸ್ದೆ, ಡಿವೈಡರ್‌ಗೆ ಹೊಡೀತು, ಎಷ್ಟು ಸಲ ಕೇಳಿದ್ರೂ ಒಂದು ಪದ ಆಚೀಚೆ ಇಲ್ಲ, ನೋಡಿದ್ದು ಹೇಳೋರು ಅಷ್ಟು ನೀಟಾಗಿ ಹೇಳಲ್ಲ, ಮಧ್ಯೆ ಅಯ್ಯೋ ಮರೆತಿದ್ದೆ ಅಂತಾರೆ. ತಮ್ಮ ಪ್ರತಿ ಮಾತಿಗೂ ಅಣ್ಣನ ಮುಖ ನೋಡ್ತಿದ್ದ. ಅದನ್ನೂ ನಾನು ಲೆಕ್ಕಕ್ಕೆ ತಗೊಳ್ಲಿಲ್ಲ, ನಮ್ಮ ಮನೆಗಳಲ್ಲಿ ದೊಡ್ಡೋರ ಮುಂದೆ ಚಿಕ್ಕೋರು ಹಂಗೇ ಇರ್ತಾರೆ.

ಆಮೇಲೆ ಇಬ್ರನ್ನೂ ಬೇರೆ ಬೇರೆ ಮಾಡಿ ಅಣ್ಣಂಗೆ ಕೇಳ್ದೆ, "ಆಂಬುಲೆನ್ಸ್ ಹತ್ತಿದ್ರಲ್ಲ, ಅಲ್ಲಿಂದ ಹಿಂದಕ್ಕೆ ಹೇಳ್ತಾ ಬನ್ನಿ, ಗಾಡಿಯಿಂದ ಯಾವ ಕಡೆ ಇಳಿದ್ರಿ?" ಉತ್ತರ ಇಲ್ಲ. ಸ್ವಲ್ಪ ಹೊತ್ತು ಬಿಟ್ಟು "ನಾಯಿ ಅಡ್ಡ ಬಂತು ಸರ್" ಅಂತ ಮತ್ತೆ ಮೊದಲಿಂದ ಶುರು. ತಮ್ಮ ಹೊರಗೆ ಕಟ್ಟೆ ಮೇಲೆ ಕೂತಿದ್ದ, "ಇನ್ನೂ ನೋಯ್ತದೇನಪ್ಪಾ?" ಅಂದೆ, ಶರ್ಟ್ ಕಾಲರ್ ಸರಿಸಿ ತೋರಿಸ್ದ. ಸೀಟ್ ಬೆಲ್ಟ್ ಒತ್ತಿದ ಗುರುತು, ಬಲ ಭುಜದಿಂದ ಎಡಕ್ಕೆ ಇಳಿದಿತ್ತು. ನಮ್ಮ ಕಾರುಗಳಲ್ಲಿ ಡ್ರೈವರ್ ಕೂರೋದು ಬಲಕ್ಕೆ, ಬೆಲ್ಟೂ ಬಲ ಭುಜದ ಮೇಲಿಂದಾನೇ ಬರೋದು, ಪಕ್ಕದ ಸೀಟಿನೋರಿಗೆ ಗುರುತು ಬಿದ್ರೆ ಎಡ ಭುಜದ ಮೇಲೆ.

ಇಷ್ಟಾದ್ರೂ ದಬಾಯಿಸೋ ಹಂಗಿಲ್ಲ, ನಾವು ಪೊಲೀಸ್ ಅಲ್ಲ. ಪೊಲೀಸರೂ ಒಪ್ಪಿಗೆ ಇಲ್ದೆ ಲೈ ಡಿಟೆಕ್ಟರ್‌ಗೆ ಕೂರಿಸೋ ಹಂಗಿಲ್ಲ ಅಂತ 2010ರಲ್ಲಿ ಸೆಲ್ವಿ ವರ್ಸಸ್ ಕರ್ನಾಟಕ ಕೇಸಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. "ನೀವು ಸುಳ್ಳು ಹೇಳ್ತಿದೀರ" ಅನ್ನೋ ಮಾತು ನನ್ನ ಬಾಯಲ್ಲಿ ಬರಲ್ಲ, ಹಂಗೇನಾದ್ರೂ ಅಂದ್ರೆ ಅಲ್ಲಿಗೆ ಮಾತು ಮುಗೀತು, ಬಾಗಿಲು ಹಾಕ್ಕೋತಾರೆ.

ರಿಪೋರ್ಟಲ್ಲಿ ಬೆವರಿದ್ರು, ತಡವರಿಸಿದ್ರು ಅಂತ ಒಂದು ಸಾಲೂ ಬರೆಯಲ್ಲ, ಕನ್ಸ್ಯೂಮರ್ ಕೋರ್ಟಲ್ಲಿ ಲಾಯರ್ರು ಮೊದಲು ಹಿಡ್ಕೊಳ್ಳೋದೇ ಅದನ್ನ. ಗಾಯಗಳ ಬಗ್ಗೆ ಆಸ್ಪತ್ರೆಯೋರು ಕೊಡೋ ವೂಂಡ್ ಸರ್ಟಿಫಿಕೇಟು, ಯಾರ ಯಾವ ಭುಜಕ್ಕೆ ಗಾಯ, ಇಬ್ಬರ ಸಹಿ ಇರೋ ಹೇಳಿಕೆ, ಇವಿಷ್ಟೇ ಅಕ್ಕಪಕ್ಕ ಇಟ್ಟು ಕಳಿಸ್ದೆ.