ಕಿಲಿಮಂಜಾರೊಗೆ ಮೊದಲು ಮೇರು

ಮುಳ್ಳಯ್ಯನಗಿರಿಯ 1,930 ಮೀಟರನ್ನಷ್ಟೇ ಏರಿ ಬಲ್ಲ ನನಗೆ 5,895 ಮೀಟರ್ ಎತ್ತರದ ಕಿಲಿಮಂಜಾರೊ ಎಂದಾಗ ಕಾಲಿಗಿಂತ ಉಸಿರಿನದೇ ಚಿಂತೆಯಾಗಿತ್ತು. ಆದ್ದರಿಂದ ಟಾಂಜಾನಿಯಾ ತಲುಪಿದ ಮೇಲೆ, ತೆಳುಗಾಳಿಗೆ ಮೈ ಒಗ್ಗಲೆಂದು, ಕಿಲಿಮಂಜಾರೊದ ಪಶ್ಚಿಮಕ್ಕೆ ಸುಮಾರು 70 ಕಿಲೋಮೀಟರ್ ದೂರದಲ್ಲಿರುವ, 4,562 ಮೀಟರ್ ಎತ್ತರದ ಮೇರು ಪರ್ವತವನ್ನು ಮೊದಲು ಹತ್ತಿದೆ. ಹೆಸರು ನಮ್ಮ ಪುರಾಣವನ್ನು ನೆನಪಿಸಿದರೂ ಇದು ಬುಡದಲ್ಲಿ ಬೇಸಾಯ ಮಾಡಿಕೊಂಡಿರುವ ಮೇರು ಜನರ ಬೆಟ್ಟ.

ಮೊಮೆಲ್ಲಾ ದ್ವಾರದಿಂದ ಹೊರಟಾಗ ಕಾಡೆಮ್ಮೆಗಳ ಭಯಕ್ಕಾಗಿ ಬಂದೂಕುಧಾರಿ ಅರಣ್ಯ ರಕ್ಷಕರೊಬ್ಬರು ಜೊತೆಗಿದ್ದರು. ಮೂರನೆಯ ರಾತ್ರಿ ಸ್ಯಾಡಲ್ ಹಟ್‌ನಿಂದ ಕತ್ತಲಲ್ಲೇ ಹೊರಟು ಜ್ವಾಲಾಮುಖಿಯ ಅಂಚಿನ ಮೇಲೆ ನಡೆದೆವು. ಬೆಳಕು ಹರಿದಾಗ ಎಡಗಡೆ ಏನಿತ್ತೆಂದು ತಿಳಿಯಿತು. ಬಹಳ ಹಿಂದೆ ಪರ್ವತದ ಪೂರ್ವಭಾಗವೇ ಕುಸಿದುಹೋಗಿ, ಕುದುರೆಲಾಳದ ಆಕಾರದ ಪ್ರಪಾತ ಉಳಿದಿದೆ. ಅದರ ನಡುವೆ ಬೂದಿಯ ಶಂಕುವೊಂದು ಎದ್ದು ನಿಂತಿದೆ. ಮೇರು ಕೊನೆಯ ಬಾರಿ ಉಗುಳಿದ್ದು 1910ರಲ್ಲಿ. ಶಿಖರದಲ್ಲಿ ನನಗೆ ತಲೆನೋವು ಬಂತು, ಬಾಟಲಿಯ ಬಾಯಲ್ಲಿ ನೀರು ಹೆಪ್ಪುಗಟ್ಟಿತು. ಎರಡೂ ಮುಂದೆ ಉಪಯೋಗಕ್ಕೆ ಬಂದ ಪಾಠಗಳು.

ಒಂದು ದಿನ ವಿಶ್ರಮಿಸಿ ಮರಂಗು ದಾರಿಯಲ್ಲಿ ಕಿಲಿಮಂಜಾರೊ ಹಿಡಿದೆ. ಇದು ಒಂದು ಪರ್ವತವಲ್ಲ, ಮೂರು ಜ್ವಾಲಾಮುಖಿಗಳ ಗುಂಪು: ಎಲ್ಲಕ್ಕಿಂತ ಹಳೆಯದಾದ ಶಿರಾ ಕುಸಿದು ಪ್ರಸ್ಥಭೂಮಿಯಾಗಿದೆ, ಮವೆನ್ಜಿ ಸವೆದು ಹಲ್ಲುಹಲ್ಲಾಗಿದೆ, ಕಿಬೊ ಮಾತ್ರ ದುಂಡಗೆ ಉಳಿದುಕೊಂಡು ತನ್ನ ಒಡಲಿನಿಂದ ಇನ್ನೂ ಗಂಧಕದ ಹೊಗೆ ಬಿಡುತ್ತದೆ. ಪೂರ್ವ ಆಫ್ರಿಕಾದ ನೆಲ ಬಿರುಕು ಬಿಡುತ್ತಿರುವುದರಿಂದ ಹುಟ್ಟಿದ ಈ ಬೆಟ್ಟಗಳು ಹಿಮಾಲಯದಂತೆ ಸಾಲುಗಟ್ಟಿಲ್ಲ, ಬಯಲಿನಲ್ಲಿ ಒಂಟೊಂಟಿಯಾಗಿ ನಿಂತಿವೆ. ಹೊರೊಂಬೊ ತಂಗುದಾಣ ದಾಟಿದ ಮೇಲಿನ, ಎರಡು ಶಿಖರಗಳ ನಡುವಣ ಮರುಭೂಮಿಯಂಥ ತಗ್ಗುಬಯಲಿನಲ್ಲಿ ನಡೆಯುವಾಗ ಬಲಕ್ಕೆ ಮವೆನ್ಜಿ, ಎದುರಿಗೆ ಕಿಬೊ ಕಂಡಾಗಲೇ ಇದು ನನಗೆ ಸರಿಯಾಗಿ ಅರ್ಥವಾದದ್ದು.

ಕೊನೆಯ ಏರಿಕೆಯನ್ನು ನಡುರಾತ್ರಿ ಶುರುಮಾಡುವುದು ಸೂರ್ಯೋದಯದ ಚಂದಕ್ಕಷ್ಟೇ ಅಲ್ಲ. ಚಳಿಗೆ ಬಿಗಿದುಕೊಂಡ ಜಲ್ಲಿ ಕಾಲಡಿ ಅಷ್ಟಾಗಿ ಜಾರುವುದಿಲ್ಲ. ಈ ಸಲ ಬಾಟಲಿಯನ್ನು ತಲೆಕೆಳಗಾಗಿಸಿ ಇಟ್ಟುಕೊಂಡಿದ್ದೆ. ಮಾರ್ಗದರ್ಶಿ ಹೇಳುತ್ತಲೇ ಇದ್ದ 'ಪೋಲೆ ಪೋಲೆ', ಅಂದರೆ ನಿಧಾನ, ನಿಧಾನ, ಎಂಬ ಮಾತಿನಂತೆ ಹೆಜ್ಜೆಯಿಟ್ಟು ಜ್ವಾಲಾಮುಖಿಯ ಅಂಚಿನ ಗಿಲ್‌ಮನ್ಸ್ ಪಾಯಿಂಟ್ ಮುಟ್ಟಿ, ಅಂಚಿನುದ್ದಕ್ಕೂ ನಡೆದು ತುತ್ತತುದಿಯಾದ ಉಹುರು ಶಿಖರ ಸೇರಿದೆ. ತಲೆ ನೋಯಲಿಲ್ಲ. ಇಳಿಯುವಾಗ ಬಿಸಿಲಿಗೆ ಸಡಿಲಗೊಂಡಿದ್ದ ಅದೇ ಜಲ್ಲಿಯಲ್ಲಿ ಮೊಣಕಾಲವರೆಗೆ ಧೂಳೆಬ್ಬಿಸುತ್ತ ಜಾರಿದೆ. ಕಿಬೊ ಹಟ್‌ನಲ್ಲಿ ಬೂಟು ಬಿಚ್ಚಿದಾಗ ಒಂದು ಹಿಡಿ ಕಪ್ಪು ಪುಡಿ ಉದುರಿತು.