ಬರಬೇಕಾದ ಬಡ್ಡಿ

ತುಮಕೂರಿನ ಮಂಡಿಪೇಟೆಯಲ್ಲಿ ನಾಲ್ಕು ಅಂಗಡಿಗಳಿಗೆ ಲೆಕ್ಕ ಬರೆಯುತ್ತೇನೆ. ಊರವರ ಲೆಕ್ಕ ನೋಡಿ ನೋಡಿ ಕಣ್ಣಿಗೆ ಕನ್ನಡಕ ಬಂತು. ಆದರೆ ನಾನೇ ದುಡ್ಡು ಇಟ್ಟಿದ್ದ ಸೌಹಾರ್ದ ಸಹಕಾರಿಯ ಲೆಕ್ಕವನ್ನು ಹನ್ನೊಂದು ವರ್ಷ ಬಿಚ್ಚಿಯೂ ನೋಡಿರಲಿಲ್ಲ. ಪ್ರತಿ ವರ್ಷ ವರದಿ ಪುಸ್ತಕ ಕೊಡುತ್ತಿದ್ದರು. ಮೇಲೆ ದೇವರ ಫೋಟೊ, ಒಳಗೆ ನಿರ್ದೇಶಕರ ಫೋಟೊ. ತಂದು ಬೀರು ಮೇಲೆ ಎಸೆಯುತ್ತಿದ್ದೆ. ಪಿಗ್ಮಿ ಕಟ್ಟಿಸಿಕೊಳ್ಳಲು ಬರುವ ಹುಡುಗ ನಮ್ಮ ಬೀದಿಯವನೇ. ಅವನ ಮುಖ ನೋಡಿ ನಂಬಿದ್ದೆ, ಅಷ್ಟೆ.

ನಾನು ಎಚ್ಚೆತ್ತಿದ್ದು ನಾದಿನಿಯಿಂದ. ಗುಬ್ಬಿ ಕಡೆಯ ಜಮೀನು ಮಾರಿ ಅವಳ ಪಾಲಿಗೆ ಎಂಟು ಲಕ್ಷ ಬಂದಿತ್ತು. "ಭಾವ, ನೀವು ಇಟ್ಟಿರೋ ಕಡೆನೇ ಇಡ್ತೀನಿ. ಬ್ಯಾಂಕಿಗಿಂತ ಜಾಸ್ತಿ ಬಡ್ಡಿ ಕೊಡ್ತಾರಲ್ವಾ?" ಅಂದಳು. ನನ್ನ ದುಡ್ಡು ಹೋದರೆ ಹೇಗೋ ಬದುಕಬಹುದು. ಅವಳದು ಹೋದರೆ ಯುಗಾದಿಗೆ ಅತ್ತೆ ಮನೆ ಮೆಟ್ಟಿಲು ಹತ್ತುವ ಹಾಗಿಲ್ಲ. ಅವತ್ತು ರಾತ್ರಿ ಧೂಳು ಕೊಡವಿ ಮೂರು ವರ್ಷದ ವರದಿಗಳನ್ನು ಕೆಳಗಿಳಿಸಿದೆ.

ಲಾಭ ಮೂರು ವರ್ಷವೂ ಏರಿತ್ತು. ಡಿವಿಡೆಂಡ್ ಕೂಡ ಕೊಟ್ಟಿದ್ದರು. ಅಲ್ಲಿಗೇ ಪುಸ್ತಕ ಮುಚ್ಚಿದ್ದರೆ ನಾನು ಹಾಯಾಗಿ ಮಲಗುತ್ತಿದ್ದೆ. ಆದರೆ ಆಸ್ತಿ-ಜವಾಬ್ದಾರಿ ಪಟ್ಟಿಯಲ್ಲಿ, ಆಸ್ತಿಯ ಕಡೆ ಒಂದು ಸಾಲು ಕಣ್ಣಿಗೆ ಬಿತ್ತು. 'ಬರಬೇಕಾದ ಬಡ್ಡಿ'. ಆದಾಯ ಅಂತ ಬರೆದುಕೊಂಡಾಗಿದೆ, ದುಡ್ಡು ಮಾತ್ರ ಇನ್ನೂ ಬಂದಿಲ್ಲ. ಮೊದಲ ವರ್ಷ 38 ಲಕ್ಷ. ಎರಡನೇ ವರ್ಷ 71 ಲಕ್ಷ. ಮೂರನೇ ವರ್ಷ 1 ಕೋಟಿ 20 ಲಕ್ಷ. ಅಂದರೆ ಕೊನೆಯ ವರ್ಷ ಒಂದರಲ್ಲೇ ಕೈಗೆ ಬಾರದ ಬಡ್ಡಿ 49 ಲಕ್ಷ ಬೆಳೆದಿದೆ. ಆ ವರ್ಷದ ಲಾಭ ಎಷ್ಟು? 26 ಲಕ್ಷ!

ಕೊಬ್ಬರಿ ಮಂಡಿಯವರು ಇದನ್ನು ಥಟ್ಟನೆ ಹಿಡಿಯುತ್ತಾರೆ. ಕಡ ಕೊಟ್ಟ ಮಾಲಿನ ದುಡ್ಡನ್ನು ಗಲ್ಲಾದಲ್ಲಿ ಇದೆ ಅಂತ ಎಣಿಸಿ, ಅದರ ಮೇಲೆ ಹಬ್ಬ ಮಾಡಿದ ಹಾಗೆ. ಬ್ಯಾಂಕುಗಳಿಗೆ ರಿಸರ್ವ್ ಬ್ಯಾಂಕ್ ಇಲ್ಲೇ ಕಡಿವಾಣ ಹಾಕಿದೆ. ಕಂತು 90 ದಿನಕ್ಕಿಂತ ಹೆಚ್ಚು ಬಾಕಿ ಉಳಿದರೆ ಆ ಸಾಲ ಎನ್‌ಪಿಎ, ಅಂದರೆ ಕೆಟ್ಟ ಸಾಲ. ಆಮೇಲೆ ಅದರ ಬಡ್ಡಿ ಕೈಗೆ ಬಂದಾಗ ಮಾತ್ರ ಆದಾಯ.

ದೊಡ್ಡವರೂ ಇದೇ ಸಾಲಿನಲ್ಲಿ ಆಟ ಆಡಿದ್ದಾರೆ. 2009ರ ಜನವರಿ 7ರಂದು ಸತ್ಯಂ ಸಾಫ್ಟ್‌ವೇರ್ ಕಂಪನಿಯ ಅಧ್ಯಕ್ಷ ರಾಮಲಿಂಗ ರಾಜು ಬರೆದ ಪತ್ರ ನೆನಪಿದೆಯಾ? ಲೆಕ್ಕದಲ್ಲಿ ತೋರಿಸಿದ್ದ 5,040 ಕೋಟಿ ನಗದು ಮತ್ತು ಬ್ಯಾಂಕ್ ಹಣ ಇಲ್ಲವೇ ಇಲ್ಲ ಅಂತ ಅದರಲ್ಲಿ ಒಪ್ಪಿಕೊಂಡರು. ಜೊತೆಗೆ 376 ಕೋಟಿ ಬರಬೇಕಾದ ಬಡ್ಡಿಯೂ ಸುಳ್ಳು. ಇಲ್ಲದ ದುಡ್ಡಿಗೆ ಬಡ್ಡಿ ಬೇರೆ! ನಮ್ಮ ಸಹಕಾರಿಯವರು ಹಾಗೆ ಮಾಡಿದರು ಅಂತ ನಾನು ಹೇಳುತ್ತಿಲ್ಲ. ಅವರು ಕೊಟ್ಟ ಸಾಲ ನಿಜವಾದ ಸಾಲವೇ ಇರಬಹುದು. ವಸೂಲಾಗುತ್ತಾ ಅನ್ನೋದೇ ನನ್ನ ಪ್ರಶ್ನೆ.

ಇನ್ನೊಂದು ವಿಷಯಕ್ಕೆ ನನಗೇ ನಾಚಿಕೆ ಆಯಿತು. ಬ್ಯಾಂಕಿನ ಠೇವಣಿಗೆ ವಿಮೆ ಇದೆ. 2020ರ ಫೆಬ್ರವರಿಯಿಂದ ಒಂದು ಬ್ಯಾಂಕಿನಲ್ಲಿ ಒಬ್ಬರಿಗೆ, ಅಸಲು ಬಡ್ಡಿ ಸೇರಿ, 5 ಲಕ್ಷದ ತನಕ. ಸಹಕಾರಿ ಬ್ಯಾಂಕಿಗೂ ಅದು ಉಂಟು. ಆದರೆ ಸದಸ್ಯರ ಠೇವಣಿ ಪಡೆದು ಸಾಲ ಕೊಡುವ, ನಮ್ಮದರಂಥ ಪತ್ತಿನ ಸಹಕಾರಿಗಳಿಗೆ ಇಲ್ಲ. ಬೋರ್ಡಿನ ಮೇಲೆ ಅವರು ಬ್ಯಾಂಕ್ ಅಂತ ಬರೆದಿರಲೂ ಇಲ್ಲ. ಬಾಯಲ್ಲಿ ಬ್ಯಾಂಕ್ ಬ್ಯಾಂಕ್ ಅನ್ನುತ್ತಿದ್ದವನು ನಾನೇ.

ಸೆಪ್ಟೆಂಬರಿನ ಸಾಮಾನ್ಯ ಸಭೆಗೆ ಹೋದೆ. ಕಲ್ಯಾಣ ಮಂಟಪ, ತುಂಬ ಜನ. ಕೈ ಎತ್ತಿ ಒಂದೇ ಪ್ರಶ್ನೆ ಕೇಳಿದೆ. "ಸಾರ್, ಈ 1 ಕೋಟಿ 20 ಲಕ್ಷದಲ್ಲಿ ಮಾರ್ಚ್ ಆದಮೇಲೆ ಇವತ್ತಿನ ತನಕ ಎಷ್ಟು ವಸೂಲಾಗಿದೆ?" ಅಧ್ಯಕ್ಷರು ನಕ್ಕರು. "ಲೆಕ್ಕದವರು ಬಂದ್ರೆ ಹಿಂಗೇನೇ. ಆಫೀಸಿಗೆ ಬನ್ನಿ, ಎಲ್ಲ ತೋರಿಸ್ತೀವಿ. ಊಟ ಆರುತ್ತೆ" ಅಂದರು. ಎಲ್ಲರೂ ಎದ್ದರು. ನಾನೂ ಎದ್ದೆ. ಹೋಳಿಗೆ ಚೆನ್ನಾಗಿತ್ತು, ಸುಳ್ಳು ಹೇಳಬಾರದು.

ಆಫೀಸಿಗೆ ಹೋದೆ. ಒಂದು ಸಲ ಸೆಕ್ರೆಟರಿ ಇಲ್ಲ, ಇನ್ನೊಂದು ಸಲ ಕಂಪ್ಯೂಟರ್ ಕೆಟ್ಟಿದೆ. ಮೂರನೇ ಸಲ ಅದೇ ಪ್ರಶ್ನೆಯನ್ನು ಹಾಳೆಯಲ್ಲಿ ಬರೆದು ಕೊಟ್ಟೆ. ನಕಲಿನ ಮೇಲೆ ಸೀಲು ಹಾಕಿಸಿಕೊಂಡೆ. ಇಪ್ಪತ್ತೆರಡು ದಿನಕ್ಕೆ ಉತ್ತರ ಬಂತು. 'ವಸೂಲಾತಿ ಪ್ರಗತಿಯಲ್ಲಿದೆ.' ಒಂದೇ ಒಂದು ಅಂಕಿ ಇಲ್ಲ.

ಬೀದಿಯಲ್ಲಿ ನಿಂತು ಕೂಗಲಿಲ್ಲ. ಗಾಳಿಮಾತಿಗೆ ಎಲ್ಲರೂ ಒಟ್ಟಿಗೆ ಕೌಂಟರಿಗೆ ನುಗ್ಗಿದರೆ ಗಟ್ಟಿಯಾಗಿರುವ ಸಂಸ್ಥೆಯೂ ಮುಳುಗುತ್ತೆ. ಆಗ ಕೆಳಗೆ ಬೀಳುವವರು ಹೂವು, ಸೊಪ್ಪು ಮಾರುವ ಹೆಂಗಸರೇ. ನಾನು ಲೆಕ್ಕ ಬರೆಯುವ ನಾಲ್ಕು ಅಂಗಡಿಯವರಿಗೆ ಆ ಪುಟ ತೋರಿಸಿ ಸುಮ್ಮನಾದೆ. ಇದು ಸರಿಯೋ ತಪ್ಪೋ, ಈಗಲೂ ಮನಸ್ಸಿನಲ್ಲಿ ಕೊರೆಯುತ್ತದೆ. ನನ್ನ ಠೇವಣಿಗಳನ್ನು ಅವಧಿ ಮುಗಿದ ಹಾಗೆ ಬಿಡಿಸಿಕೊಂಡೆ. ಎರಡು ಬಂದಿವೆ, ಒಂದು ಬಾಕಿ. ನಾದಿನಿ ಎರಡು ಬ್ಯಾಂಕುಗಳಲ್ಲಿ ನಾಲ್ಕು ನಾಲ್ಕು ಲಕ್ಷ ಇಟ್ಟಿದ್ದಾಳೆ. ಬಡ್ಡಿ ಕಮ್ಮಿ ಅಂತ ಸಿಕ್ಕಾಗಲೆಲ್ಲ ಗೊಣಗುತ್ತಾಳೆ.

ಪಿಗ್ಮಿ ಮಾತ್ರ ನಿಲ್ಲಿಸಿಲ್ಲ. ದಿನಕ್ಕೆ ಐವತ್ತು ರೂಪಾಯಿ. ಆ ಹುಡುಗನ ಕಮಿಷನ್ ಅದರಲ್ಲೇ ಅಲ್ವಾ? ಮೊನ್ನೆ ಹೊಸ ವರದಿ ತಂದುಕೊಟ್ಟ. ಒಂದು ಪುಟದ ಮೂಲೆ ಮಡಚಿತ್ತು. "ಅಣ್ಣ, ನೀವು ನೋಡೋ ಸಾಲು ಇದೇ ತಾನೇ?" ಅಂದ. 1 ಕೋಟಿ 61 ಲಕ್ಷ ಅಂತಿತ್ತು. ಅವನ ಅಮ್ಮನ ದುಡ್ಡೂ ಅಲ್ಲೇ ಇದೆಯಂತೆ.